ಹೆಜ್ಜೇನುಗಲ್ಲಿನ ನೂರಡಿ ರೀಲು

"ಪುಣಜನೂರಿನ ಹೆಜ್ಜೇನುಗಲ್ಲಿನಿಂದ ನಾನು ಹಗ್ಗ ಕಟ್ಟಿಕೊಂಡು ಇಳಿದ ಆಳ ಮೂರು ಸಾವಿರ ಅಡಿ! ಹೊರಟಾಗ ನುಣ್ಣಗಿದ್ದ ಕೆನ್ನೆ, ತಳ ಮುಟ್ಟುವಷ್ಟರಲ್ಲಿ ಗಡ್ಡ ಬಿಟ್ಟಿತ್ತು. ಹತ್ತು ಲಕ್ಷ ಜೇನು ಮುತ್ತಿದವು. ಒಂದು ಸಲ ಕಣ್ಣು ಬಿಟ್ಟು ನೋಡಿದೆ, ದಾರಿ ಬಿಟ್ಟವು."

ಹೀಗೆಂದು ನಾನು ಭಾಷಣ ಬಿಗಿಯುತ್ತಿದ್ದದ್ದು ಗುಂಡ್ಲುಪೇಟೆಯ ಸ್ಕೂಲಿನ ಹಾಲ್‌ನಲ್ಲಿ, ಐವತ್ತಾರನೆಯ ಇಸವಿಯ ಒಂದು ಭಾನುವಾರ ಮಧ್ಯಾಹ್ನ. ಕಿಟಕಿಗಳಿಗೆಲ್ಲ ಕಂಬಳಿ ಹೊದಿಸಿ, ಗೋಡೆಗೆ ಬಿಳಿ ಪಂಚೆ ಕಟ್ಟಿದ್ದೆವು. ಬೊಂಬಾಯಿಯ ಸಿನಿಮಾ ಕಂಪನಿಯ ರಾಯರು ನನ್ನ ನೂರಡಿ ರೀಲನ್ನು ಲ್ಯಾಬಿನಲ್ಲಿ ತೊಳೆಸಿ ನೇರ ಇಲ್ಲಿಗೇ ತಂದಿದ್ದರು. ಇನ್ನೂ ಯಾರೂ ಅದನ್ನು ನೋಡಿರಲಿಲ್ಲ. ಪಟ ಮೆಚ್ಚಿಗೆಯಾದರೆ ಮುಂದಿನ ಬೇಸಿಗೆಯಲ್ಲಿ ಹಿಮಾಲಯ ಹತ್ತುವ ತಂಡದ ಜೊತೆ ಕ್ಯಾಮೆರಾ ಹಿಡಿದು ಹೋಗುವವನು ಈ ನೀಲಕಂಠಸ್ವಾಮಿ. ಒಪ್ಪಂದದ ಕಾಗದ ರಾಯರ ತೊಡೆಯ ಮೇಲಿತ್ತು.

ರಾಯರು ಯಂತ್ರಕ್ಕೆ ರೀಲು ಸಿಕ್ಕಿಸುತ್ತಿರುವಾಗ ನಾನು ಕಥೆ ಮುಂದುವರಿಸಿದೆ. ದಾರಿ ತೋರಿಸಿದ ಸೋಲಿಗರ ಜಡೇಗೌಡ ಒಂದೇ ಷರತ್ತು ಹಾಕಿದ್ದ. "ಜೇನ್ಗೆ ಇಳಿಯೋನ ಅಗ್ಗವ ಎಂಡ್ತಿ ಒಡಹುಟ್ದೋನೇ ಇಡೀಬೇಕು ಸಾಮಿ. ತಂಗಿ ತಾಳಿ ಆ ಅಗ್ಗದಾಗೇ ಅಲ್ವ ಇರಾದು? ಅವ್ನು ಬುಡಕಿಲ್ಲ."

ನಾನು ಮೇಷ್ಟ್ರ ಕೆಲಸ ಬಿಟ್ಟು ಫೋಟೋ ಸ್ಟುಡಿಯೋ ಇಟ್ಟಾಗಿನಿಂದ ನನ್ನ ಹೆಂಡತಿಯ ಅಣ್ಣ ಮರಿಮಲ್ಲಪ್ಪ ನನ್ನೊಡನೆ ಮಾತು ಬಿಟ್ಟಿದ್ದ. ಆದರೂ ಚಾಮರಾಜನಗರದ ಅಕ್ಕಿ ಗಿರಣಿಗೆ ರಜೆ ಹಾಕಿ ಬಂದ. ಹಗ್ಗವನ್ನು ಮರಕ್ಕೊಂದು ಸುತ್ತು, ತನ್ನ ನಡುವಿಗೊಂದು ಸುತ್ತು ಹಾಕಿಕೊಂಡು, "ಬಾವ, ಇದು ನಿಮ್ಗೋಸ್ಕರ ಅಲ್ಲ ಕಣಿ. ನಮ್ ಬಸಮ್ಮಿಗೋಸ್ಕರ" ಎಂದ.

"ಆಮೇಲೆ ನೋಡಿ, ನಾನು ಇಳಿದೆ!" ಎಂದು ನಾನು ಕೈಯೆತ್ತಿದೆ. ಯಂತ್ರ ಗರಗರ ತಿರುಗಿತು. ಪಂಚೆಯ ಮೇಲೆ ಬಂಡೆ ಕಾಣಿಸಿತು. ಕ್ಯಾಮೆರಾ ಕೆಳಕ್ಕೆ ವಾಲಿತು. ಬಂಡೆಯನ್ನು ಒದ್ದು ನಿಂತ ಎರಡು ಬರಿಗಾಲು.

ಮುಂದೆ ಕೂತಿದ್ದ ನನ್ನ ದೊಡ್ಡಮ್ಮ ದೊಡ್ಡಮಲ್ಲಮ್ಮ ಗಟ್ಟಿಯಾಗಿ ಕೇಳಿದಳು: "ಅಯ್ಯೋ ನೀಲ್ಕಂಟಾ, ನಿಂಗ್ಯಾವತ್ಲಾ ಕಾಲುಂಗ್ರ ಇಕ್ಸಿದ್ರು?"

ಕೂತವರೆಲ್ಲ ಬಿದ್ದು ಬಿದ್ದು ನಕ್ಕರು. "ಅದು… ಬಂಡೆ ಜಾರದಿರಲಿ ಅಂತ…" ಎಂದೆ.

"ಸಾಕು ಬುಡಿ ಬಾವ" ಎಂದ ಹಿಂದಿನಿಂದ ಮರಿಮಲ್ಲಪ್ಪ.

ಅಷ್ಟರಲ್ಲಿ ಪಂಚೆಯ ತುಂಬ ಜೇನುತಟ್ಟಿ ಬಂತು. ಬಾಗಿಲಿನಷ್ಟು ಅಗಲ, ಮೈತುಂಬ ಕಪ್ಪು ಅಲೆ ಎದ್ದು ಇಳಿಯುತ್ತಿತ್ತು. ಚಿತ್ರ ಒಂದು ಕೂದಲಷ್ಟೂ ಅಲುಗಲಿಲ್ಲ. ನಗು ತಾನಾಗಿ ನಿಂತಿತು. ರೀಲು ಮುಗಿದ ಮೇಲೆ ರಾಯರು ನನ್ನ ಕಡೆ ತಿರುಗಿ, "ಇದನ್ನು ತೆಗೆದವರು ಯಾರು?" ಎಂದರು.

ಸುಳ್ಳುಗಳೇನೂ ನನ್ನ ಹತ್ತಿರ ಖಾಲಿಯಾಗಿರಲಿಲ್ಲ. ಆದರೆ ಆ ಚಿತ್ರ ನೋಡಿದ ಮೇಲೆ ಒಂದೂ ಬಾಯಿಗೆ ಬರಲಿಲ್ಲ.

"ನಾನಲ್ಲ ರಾಯರೇ. ಆಳ ಅರವತ್ತೇ ಅಡಿ. ತುದಿಯಲ್ಲಿ ನಿಂತು ಕೆಳಗೆ ನೋಡಿದೆ; ಅಲ್ಲೇ ಕುಕ್ಕರಿಸಿಬಿಟ್ಟೆ. ಜೊತೆಗೆ ಬಂದಿದ್ದ ನನ್ನ ಹೆಂಡತಿ ನನ್ನ ಸೊಂಟದ ಹಗ್ಗ ಬಿಚ್ಚಿದಳು. ಸ್ಟುಡಿಯೋದಲ್ಲಿ ರೀಲು ತುಂಬುವವಳು, ಕ್ಯಾಮೆರಾಕ್ಕೆ ಕೀಲಿ ಕೊಡುವವಳು ಅವಳೇ. 'ವಾಪಸ್ ಓಗನ ಬಾರಮ್ಮಿ' ಅಂದ ಅವಳಣ್ಣ. 'ಬಂದಿರಾದು ಪಟಕ್ಕೆ. ತಕ್ಕಂಡೇ ಓಗಾದು. ನೀ ಬಿಗಿಯಾಗಿ ಇಡ್ಕೊ' ಅಂತ ಸೀರೆಯನ್ನು ಕಚ್ಚೆ ಹಾಕಿದಳು. ಜಡೇಗೌಡ ತಲೆ ಕೆರೆದುಕೊಂಡು, 'ಎಂಡ್ತಿ ಅಣ್ಣ ಅಂದ್ರೆ ಅವ್ಳಿಗೂ ಅಣ್ಣನೇ ಅಲ್ವ, ಇಳೀಲಿ' ಅಂದ. ನಾನು ಕಣ್ಣು ಮುಚ್ಚಿಕೊಂಡಿದ್ದೆ."

ರಾಯರು ಕಾಗದದಲ್ಲಿದ್ದ ನನ್ನ ಹೆಸರಿನ ಮೇಲೆ ಗೀಟು ಎಳೆದರು. "ಅವರ ಹೆಸರು?"

"ಚಿಕ್ಕಬಸಮ್ಮ" ಎಂದೆ.

ಕಂಬದ ಮರೆಯಲ್ಲಿದ್ದ ಅವಳು ಎದ್ದು ಬಂದು, ಸೆರಗಿನಲ್ಲಿ ಕೈ ಒರೆಸಿಕೊಂಡು, ರಾಯರ ಪೆನ್ನಿಗೆ ಕೈ ಚಾಚಿದಳು.