ಮತ್ತೊಮ್ಮೆ ಇಳಿದವಳು

ಜಲಜಾ ವೇಗವನ್ನು ಇನ್ನಷ್ಟು ಇಳಿಸಿದಳು. ಗೊಂಬೆಗಳಂತೆ ಕುಪ್ಪಳಿಸುತ್ತಿದ್ದವರು ಲ್ಯಾಪ್‌ಟಾಪಿನಲ್ಲಿ ಮನುಷ್ಯರಂತೆ ನಡೆಯತೊಡಗಿದರು. ಮೂಕಿ ಕಾಲದ ಸುದ್ದಿಚಿತ್ರಗಳನ್ನು ಕ್ಯಾಮೆರಾದ ಹಿಡಿಯನ್ನು ಕೈಯಿಂದ ತಿರುಗಿಸಿ ತೆಗೆಯುತ್ತಿದ್ದರು; ಈಗ ಓಡಿಸಿದರೆ ಅವು ತೀರಾ ವೇಗ. ಅವಕ್ಕೆ ಸಹಜ ವೇಗ ಕೊಟ್ಟು, ಉಳಿಸಬೇಕಾದ ತುಣುಕುಗಳಿಗೆ ಗುರುತು ಹಾಕುವುದು ಅವಳ ಕೆಲಸ. ಲಾಕ್‌ಡೌನ್ ಆದಮೇಲೆ ಅದು ಸಂಗ್ರಹಾಲಯದಿಂದ ಮಲೇಶಿಯಾದ ಪುಚೊಂಗ್‌ನಲ್ಲಿದ್ದ ಅವಳ ಮನೆಯ ಊಟದ ಮೇಜಿಗೆ ಬಂದಿತ್ತು.

ಕ್ಲಾಂಗ್ ಬಂದರು, ಬೆಳಗಿನ ಹಡಗು ಎಂದು ಚಿತ್ರದ ಮೊದಲಿಗೆ ಫಲಕವಿತ್ತು. ಕೂಲಿಗೆಂದು ಬಂದವರು ಇಳಿಯುತ್ತಿದ್ದರು. ಒಂದು ತುಣುಕಿನಲ್ಲಿ ಒಬ್ಬ ಹೆಂಗಸು ಮಗುವನ್ನು ಕಂಕುಳಲ್ಲಿಟ್ಟುಕೊಂಡು ಏಣಿ ಇಳಿಯುತ್ತಾಳೆ. ಇನ್ನೊಂದರಲ್ಲಿ ಅದೇ ಏಣಿ, ಅವಳೇ, ಬರಿಗೈ. ಚಿತ್ರ ಸರಿಬರದಿದ್ದರೆ ಆಗಿನ ಕ್ಯಾಮೆರಾದವರು ಜನರನ್ನು ವಾಪಸು ಹತ್ತಿಸಿ ಮತ್ತೆ ಇಳಿಸುತ್ತಿದ್ದರು.

ಅಷ್ಟರೊಳಗೆ ಮಗು ಎಲ್ಲಿ ಹೋಯಿತು?

“ಎರಡೂ ಒಂದೇ ಕಣೇ,” ಗಂಡ ಸೂರ್ಯನಾರಾಯಣ ಇಣುಕಿದ. “ರಿಪೀಟ್ ಬೇಡ ಅಂತ ನಿಮ್ ಬಾಸ್ ಹೇಳಿಲ್ವಾ? ಒಂದು ಬಿಸಾಕು.”

“ಬಿಸಾಕಿದ್ರೆ ಆ ರೀಲು ಸುಟ್ಟೇ ಹಾಕ್ತಾರೆ ಕಣ್ರೀ.”

“ಕೀಪ್ ದ ಬೇಬಿ ಒನ್, ಅಮ್ಮಾ. ಸೋ ಕ್ಯೂಟ್ ಲಾ!” ಎಂದಳು ಮಗಳು ವಿಸ್ಮಯಾ.

ಇಬ್ಬರೂ ತಮ್ಮ ಪರದೆಗಳಿಗೆ ಮರಳಿದರು. ಜಲಜಾಳ ಕಣ್ಣು ಏಣಿಯ ನೆರಳಿನ ಮೇಲೆ ನಿಂತಿತು. ಬರಿಗೈಯ ತುಣುಕಿನಲ್ಲಿ ನೆರಳು ಉದ್ದ, ಮಗು ಇದ್ದದ್ದರಲ್ಲಿ ಗಿಡ್ಡ. ಬೆಳಗಿನಲ್ಲಿ ಹೊತ್ತೇರಿದಂತೆ ನೆರಳು ಗಿಡ್ಡವಾಗುತ್ತದೆ. ಹಾಗಾದರೆ ಬರಿಗೈ ಮೊದಲಿನದು. ಮಗು ಕಳೆದುಹೋಗಿರಲಿಲ್ಲ; ಚಿತ್ರ ಚೆಂದ ಕಾಣಲೆಂದು ಯಾರದೋ ಮಗುವನ್ನು ಅವಳ ಕೈಗೆ ಕೊಟ್ಟಿದ್ದರು.

ಅವಳು ಇನ್ನೂ ನಿಧಾನಿಸಿದಳು. ಮಗು ಸದ್ದಿಲ್ಲದೆ ಬಾಯ್ತೆರೆದು ಅಳುತ್ತಿತ್ತು. ಅದರ ಎರಡೂ ಕೈ ಚಿತ್ರದಂಚಿನಾಚೆ ಚಾಚಿದ್ದವು. ಅಲ್ಲಿಂದ ಬಳೆ ತೊಟ್ಟ ಒಂದು ಕೈ ತೂರಿಬಂತು. ಹಿಂದಿನಿಂದ ಯಾರೋ ಎಳೆದಂತೆ ಮಾಯವಾಯಿತು. ಹೊತ್ತವಳು ನಗುತ್ತಿದ್ದಳು. ಕ್ಯಾಮೆರಾ ದಾಟಿದ ಮೇಲೂ ಅವಳು ನಿಲ್ಲಲಿಲ್ಲ. ಮಗುವನ್ನು ಸೆರಗಿನೊಳಗೆ ಒತ್ತಿಕೊಂಡು, ಎಲ್ಲರಿಗಿಂತ ಬೇಗ ಗೇಟಿನತ್ತ ನಡೆದಳು.

ಜಲಜಾ ಆ ತುಣುಕನ್ನು ಮತ್ತೊಮ್ಮೆ ಓಡಿಸಿದಳು. ಇದೊಂದನ್ನೇ ಉಳಿಸಿದರೆ, ನೋಡುವವರಿಗೆ ಹೊತ್ತವಳೇ ತಾಯಿ. ಬಳೆಯ ಕೈಯವಳು ಇರಲೇ ಇಲ್ಲವೆಂದಾಗುತ್ತದೆ.

“ಆಯ್ತೇನೇ?” ಗಂಡ ಕೇಳಿದ.

“ಹ್ಞೂಂ, ಆಯ್ತು.”

ಬರಿಗೈಯದು ಮೊದಲು, ಮಗುವಿನದು ನಂತರ. ಯಾವುದನ್ನೂ ರಿಪೀಟೆಂದು ಬಿಸಾಕದಂತೆ ಎರಡನ್ನೂ ಜೋಡಿಸಿ, ಒಂದೇ ದೃಶ್ಯವೆಂದು ಗುರುತು ಹಾಕಿದಳು.