ಬಿಟ್ಟ ಹೆಸರು

ಆ ಗಂಡಸಿನ ದನಿ ಮೊದಲ ಸಲ ಕಿವಿಗೆ ಬಿದ್ದಾಗ ನಾನು ಒಲೆಯ ಮುಂದೆ ನಿಂತು ಕುಕ್ಕರಿನ ಸೀಟಿ ಎಣಿಸುತ್ತಿದ್ದೆ. ನಡುಮನೆಯಲ್ಲಿ ಮಗಳು ಸಮೃದ್ಧಿ ಫೋನು ಹಿಡಿದು ಆಡುತ್ತ ಕುಳಿತಿದ್ದಳು. ಅದು ನಡುಗಡ್ಡೆಗಳ ಆಟ. ಒಬ್ಬೊಬ್ಬರಿಗೆ ಒಂದೊಂದು ನಡುಗಡ್ಡೆ. ಅಲ್ಲಿ ಮನೆ ಕಟ್ಟಬೇಕು, ತೋಟ ಮಾಡಬೇಕು, ದೋಣಿ ಹತ್ತಿ ಗೆಳತಿಯರ ನಡುಗಡ್ಡೆಗೆ ಹೋಗಿಬರಬೇಕು. ಹೊಡೆದಾಟ ಇಲ್ಲ, ಬಂದೂಕು ಇಲ್ಲ ಎಂದು ನಾನೇ ಒಪ್ಪಿದ್ದೆ. ಖಾನಾಪುರದಲ್ಲಿರುವ ನನ್ನ ಅಣ್ಣನ ಮಗಳು ನೀಲಾ ಕೂಡ ಅಜ್ಜಿಯ ಫೋನಿನಲ್ಲಿ ಅದನ್ನೇ ಆಡುತ್ತಿದ್ದಳು. ಸಮೃದ್ಧಿಗೆ ಹದಿಮೂರು, ನೀಲಾಗೆ ಹನ್ನೊಂದು. ಒಬ್ಬಳು ಇಲ್ಲಿ ಬೆಳಗಾವಿಯ ಶಹಾಪುರದಲ್ಲಿ, ಇನ್ನೊಬ್ಬಳು ಅಲ್ಲಿ. ಇಬ್ಬರೂ ಸೇರಿ ಒಂದೇ ಬಾಳೆಗಿಡಕ್ಕೆ ನೀರು ಹಾಕುತ್ತಿದ್ದರು.

"ಸಮೃದ್ಧಿ, ನಿಮ್ಮ ಸಾಲಿ ಎಷ್ಟಕ್ಕ ಬಿಡತೈತಿ?" ಎಂದಿತು ಫೋನಿನೊಳಗಿನ ದನಿ.

ನಮ್ಮ ಕಡೆಯ ಕನ್ನಡವೇ. ಎಷ್ಟನೇ ಸೀಟಿ ಎಂಬುದು ಮರೆತುಹೋಯಿತು.

"ಯಾರವ್ವಾ ಅವ?" ಎಂದು ಕೇಳಿದೆ.

"ಗೊತ್ತಿಲ್ಲ ಮಮ್ಮಿ. ಅವನ ನಡುಗಡ್ಡಿ ಭಾಳ ದೊಡ್ಡದೈತಿ. ನನಗೂ ನೀಲಾಗೂ ಒಂದೊಂದು ದೋಣಿ ಕೊಟ್ಟಾನ. ಸಾಲ್ಯಾಗ ಏಳನೇತ್ತಾ ಅಂತ."

"ಏಳನೇತ್ತಾದ ಹುಡುಗನ ದನಿ ಹಿಂಗ ಇರತೈತೇನು? ನಿಮ್ಮಪ್ಪನ ದನೀಕಿಂತ ಗೊಗ್ಗರ ಐತಿ."

ಸಮೃದ್ಧಿ ನಕ್ಕಳು. ನನಗೆ ನಗು ಬರಲಿಲ್ಲ. ಅವಳ ಬಾಜೂಕ ಕುಳಿತು ಫೋನು ನೋಡಿದೆ. ಆಟದಲ್ಲಿ ಅವಳ ಗೊಂಬೆಗೆ ಕೆಂಪು ಲಂಗ, ಹಳದಿ ಕೊಡೆ. ತಲೆಯ ಮೇಲೆ ಹೆಸರು: ಸಮೃದ್ಧಿ, ಅದರ ಮುಂದೆ ಬೆಳಗಾವಿಯ ಗಾಡಿಗಳ ಮೇಲಿರುವ ಇಪ್ಪತ್ತೆರಡು. ಮಗಳ ಹೆಸರು, ಮಗಳ ಊರು ಎರಡನ್ನೂ ಹಣೆಗೆ ಬರೆದು ಸಂತೆಯಲ್ಲಿ ನಿಲ್ಲಿಸಿದ ಹಾಗಾಯಿತಲ್ಲ ಎನಿಸಿತು. ಆ ದನಿಯವನನ್ನು ಅವಳ ಗೆಳೆಯರ ಪಟ್ಟಿಯಿಂದ ಆಗಲೇ ತೆಗೆಸಿದೆ. ಹೆಸರೂ ಬದಲಾಗಬೇಕು ಎಂದೆ.

ರವಿವಾರಪೇಟೆ ಎಂಬ ಓಣಿಯಲ್ಲಿರುವ ಅಂಗಡಿಯಿಂದ ನನ್ನ ಗಂಡ ಬಸವಪ್ರಸಾದ ಊಟಕ್ಕೆ ಬಂದಾಗ ಹೊಸ ಹೆಸರಿನ ಚರ್ಚೆ ನಡೆದಿತ್ತು.

"ಬೆಳಗಾವಿ ಕುಂದಾ ಅಂತ ಇಡು," ಎಂದರು.

"ಊರ ಹೆಸರು ಬ್ಯಾಡ ಅಂದ್ರ ಊರ ಹೆಸರೇ ಹೇಳ್ತೀರಲ್ರೀ," ಎಂದೆ.

"ಹಂಗಾರ ಬರೇ ಕುಂದಾ. ಹೆಂಗೂ ನಿನ್ನ ಮಗಳು ದಿನಾ ಅದನ್ನೇ ತಿಂತಾಳ."

"ಪಪ್ಪಾ, ನೀವು ಸುಮ್ಮನ ಉಣ್ರಿ," ಎಂದಳು ಸಮೃದ್ಧಿ. ಕೊನೆಗೆ ಅವಳೇ ಆರಿಸಿದಳು: ಖಾರಾ ಚುರಮುರಿ. ಆಟದ ಸ್ಪರ್ಧೆಯೊಂದರಲ್ಲಿ ಗೆದ್ದ, ಹೆಸರು ಬದಲಿಸುವ ಚೀಟಿ ಅವಳ ಬಳಿ ಇತ್ತು. ಅದನ್ನು ಬಳಸಿದಾಗ ಪರದೆಯ ಮೇಲೆ ಇಂಗ್ಲಿಷಿನಲ್ಲಿ ಎರಡು ಸಾಲು ಮೂಡಿದವು.

"ಏನಂತೈತಿ?"

"ಹಳೇ ಹೆಸರು ಖಾಲಿ ಆಗತೈತಿ, ಬೇರೇದವ್ರು ತಗೋಬಹುದು ಅಂತ."

"ತಗೊಳ್ಳಲಿ ಬಿಡು," ಎಂದು ನಾನೇ ಬೆರಳಿಟ್ಟು ಒತ್ತಿದೆ.

ಹೆಸರು ಬಿಡುವುದು ನನಗೆ ದೊಡ್ಡ ಮಾತಾಗಿರಲಿಲ್ಲ. ತವರಿನಲ್ಲಿ ನಾನು ಸಂಗವ್ವ. ಮದುವೆಯ ದಿನ ತಾಟಿನಲ್ಲಿ ಅಕ್ಕಿ ಹರವಿ, ಉಂಗುರದ ತುದಿಯಿಂದ ಪೂರ್ಣಿಮಾ ಎಂದು ಬರೆದರು. ಅಂದಿನಿಂದ ಪೂರ್ಣಿಮಾ ಆದೆ. ಹಳೆಯ ಹೆಸರು ಖಾನಾಪುರದ ಮನೆಯಲ್ಲೇ ಉಳಿಯಿತು. ನನ್ನ ಅವ್ವ ಶಿವಲಿಂಗವ್ವ, ಅಣ್ಣ ಗುರುಪುತ್ರಪ್ಪ ಈಗಲೂ ಸಂಗಿ ಎನ್ನುತ್ತಾರೆ. ನಾನು ಬಿಟ್ಟ ಹೆಸರನ್ನು ಮತ್ತೊಬ್ಬರು ಎತ್ತಿ ತೊಟ್ಟುಕೊಂಡು ನನ್ನ ಅವ್ವನ ಬಾಗಿಲು ಬಡಿಯಬಹುದು ಎಂದು ನಾನು ಯಾಕೆ ಯೋಚಿಸಲಿ?

"ಹೊಸ ಹೆಸರು ಯಾರಿಗೂ ಹೇಳಬ್ಯಾಡ," ಎಂದೆ ಮಗಳಿಗೆ.

"ನೀಲಾಗೂ?"

"ಪರೀಕ್ಷಾ ಮುಗೀಲಿ, ಆಮ್ಯಾಲ ಹೇಳೀಯಂತ. ಈಗ ಫೋನ್ ಇತ್ತ ಕೊಡು."

ಕೊಟ್ಟಳು. ಹೇಳಿದ್ದನ್ನು ಕೇಳುವ ಹುಡುಗಿ. ಫೋನನ್ನು ಕಪಾಟಿನಲ್ಲಿ ಸೀರೆಗಳ ಅಡಿಗೆ ಇಟ್ಟು ಕೀಲಿ ಹಾಕಿದೆ.

ನಾಲ್ಕೈದು ದಿನಗಳ ಮೇಲೆ ವೈನಿ, ಎಂದರೆ ನೀಲಾನ ತಾಯಿ, ಫೋನು ಮಾಡಿದ್ದರು. ನಾನು ಬಟ್ಟೆ ಒಣಹಾಕುತ್ತಿದ್ದೆ. ಹಿಂದಿನ ಓಣಿಯ ಮಗ್ಗಗಳ ಸದ್ದಿನಲ್ಲಿ ಅರ್ಧ ಮಾತು ಕೇಳಿಸುತ್ತಿರಲಿಲ್ಲ.

"ನೀಲಾಗ ಎರಡು ದಿನಾ ಜ್ವರಾ ಬಂದಿತ್ರೀ. ನಿಮ್ಮ ಸಮೃದ್ಧಿ ಎಷ್ಟ್ ಕಾಳಜಿ ಮಾಡ್ತಾಳ ಅಂತೀರಿ! ಔಷಧಾ ತಗೊಂಡ್ಯೇನು, ಸಾಲಿಗೆ ಯಾವಾಗಿಂದ ಹೋಗಾಕಿ, ಒಬ್ಬಾಕಿನs ಹೋಗ್ತೀಯೋ ಏನು ಗೆಳತ್ಯಾರಿರ್ತಾರೋ, ಎಲ್ಲಾ ಕೇಳ್ತಾಳ."

ಅಪ್ಪನ ಫೋನಿನಲ್ಲಿ ಮಾತಾಡಿರಬೇಕು ಎಂದುಕೊಂಡೆ. ಒಳಗೊಳಗೇ ಹೆಮ್ಮೆಯೂ ಆಯಿತು.

ಗುರುವಾರ ಅಣ್ಣ ಫೋನು ಮಾಡಿದ. ಅವನದು ನಂದಗಡದ ಕಡೆ ಇಟ್ಟಿಗೆ ಭಟ್ಟಿ. "ಸಂಗಿ, ನಿನ್ನ ಮಗಳು ಪೊಲೀಸ್ ಆಗ್ತಾಳ ನೋಡು. ನಾ ಭಟ್ಟಿಗೆ ಯಾವಾಗ ಹೋಗ್ತೀನಿ, ಯಾವಾಗ ತಿರುಗಿ ಬರ್ತೀನಿ, ನೀಲಾನ ಕಡಿಂದ ಎಲ್ಲಾ ತಿಳ್ಕೊಂಡಾಳ. ಶನಿವಾರ ಸಂಜೀತನ ನಾ ಮನ್ಯಾಗ ಇರೂದಿಲ್ಲ ಅನ್ನೂದು ಸೈತ ಅಕೀಗೆ ಗೊತ್ತೈತಿ."

ಇಬ್ಬರೂ ನಕ್ಕೆವು. ಆ ಸಂಜೆ ವಿಜ್ಞಾನದ ಪುಸ್ತಕ ಹಿಡಿದಿದ್ದ ಸಮೃದ್ಧಿಯನ್ನು, "ಪಪ್ಪಾನ ಫೋನಿನಾಗ ನೀಲಾನ ಕೂಡ ಮಾತಾಡಾಕತ್ತೀಯೇನು?" ಎಂದು ಕೇಳಿದೆ. ಇಲ್ಲವೆಂದು ತಲೆ ಅಲ್ಲಾಡಿಸಿದಳು. ಕದ್ದು ಮಾತಾಡಿದ್ದಕ್ಕೆ ಅಂಜಿದ್ದಾಳೆ ಎಂದುಕೊಂಡು ತಲೆ ಸವರಿ ಬಿಟ್ಟೆ. ಇನ್ನೊಂದು ಮಾತು ಕೇಳಿದ್ದರೆ ಸಾಕಿತ್ತು.

ಶನಿವಾರ ಅರ್ಧ ದಿನದ ಸಾಲಿ. ಸಮೃದ್ಧಿ ಹನ್ನೆರಡಕ್ಕೆ ಮನೆಗೆ ಬಂದು, ನನ್ನೆದುರು ಕುಳಿತು ಅವಲಕ್ಕಿ ತಿನ್ನುತ್ತಿದ್ದಳು. ನಾನು ಮೆಂತ್ಯೆಪಲ್ಲೆ ಸೋಸುತ್ತಿದ್ದೆ. ಆಗ ವೈನಿಯ ಫೋನು.

"ಸಮೃದ್ಧಿ ಬಸ್ ಹತ್ತಿ ಎಷ್ಟೊತ್ತಾತ್ರೀ?"

"ಯಾವ ಬಸ್ರೀ ವೈನಿ?"

"ಅಯ್ಯ, ನಿಮಗೂ ಹೇಳಿಲ್ಲೇನು? ಅಜ್ಜೀಗೆ ಅಚ್ಚರಿ ಮಾಡೂಣು, ಯಾರ ಮುಂದೂ ಹೇಳಬ್ಯಾಡ ಅಂದಿದ್ಲಂತ. ನೀಲಾ ಈಗ ನನಗಷ್ಟs ಹೇಳಿ, ಅಜ್ಜಿ ಫೋನ್ ತಗೊಂಡು ಅಕ್ಕನ್ನ ಕರಕೊಂಡ ಬರ್ತೀನಿ ಅಂತ ಬಸ್‌ಸ್ಟ್ಯಾಂಡಿಗೆ ಹೋಗ್ಯಾಳ. ಬಿಸಲಾಗ ಕುಂದರ್ತಾಳಲ್ಲ ಅಂತ ಕೇಳಿದೆ."

ನಾನು ಸಮೃದ್ಧಿಯನ್ನು ನೋಡಿದೆ. ಅವಳ ತುಟಿಯ ಮೇಲೆ ಒಂದು ಅವಲಕ್ಕಿ ಅಂಟಿತ್ತು.

"ವೈನಿ, ಸಮೃದ್ಧಿ ಇಲ್ಲೇ ಅದಾಳ್ರೀ. ನನ್ನ ಮುಂದ ಕುಂತಾಳ. ಅಕೀ ಫೋನು ಎಂಟು ದಿನದಿಂದ ಕಪಾಟಿನಾಗ ಐತಿ."

ಆ ಕಡೆ ಚಪ್ಪಲಿಯ ಸದ್ದು, ಬಾಗಿಲಿನ ಸದ್ದು. ವೈನಿ ಓಡತೊಡಗಿದ್ದರು. ಅವರ ಮನೆಯಿಂದ ಬಸ್‌ಸ್ಟ್ಯಾಂಡಿಗೆ ಕಾಲ್ನಡಿಗೆಯಲ್ಲಿ ಕಾಲು ತಾಸು.

ಅವ್ವನ ಫೋನಿಗೆ ಮಾಡಿದೆ. ರಿಂಗಾಯಿತು, ಕಟ್ಟಾಯಿತು. ಮತ್ತೆ ಮಾಡಿದೆ. ಮತ್ತೆ ಕಟ್. ಅಚ್ಚರಿ ಕೆಡಬಾರದೆಂದು ಹುಡುಗಿಯೇ ಕಟ್ ಮಾಡುತ್ತಿದ್ದಾಳೆ ಎಂಬುದು ಹೊಳೆಯಿತು. ಗಂಡನಿಗೆ ಹೇಳಿದೆ. ಅವರು ಪೊಲೀಸರಿಗೆ ಫೋನು ಹಚ್ಚುತ್ತೇನೆ, ಗಾಡಿ ತರುತ್ತೇನೆ ಎಂದರು. ಅಷ್ಟರಲ್ಲಿ ಸಮೃದ್ಧಿ ನನ್ನ ಕೀಲಿಯಿಂದ ಕಪಾಟು ತೆಗೆದು, ಫೋನು ಹೊರತಂದು ಆಟ ತೆರೆದಿದ್ದಳು.

"ಮಮ್ಮಿ, ನೀಲಾ ನನ್ನ ಪಟ್ಟ್ಯಾಗ ಇಲ್ಲ. ಅಕೀನs ನನ್ನ ತಗದಾಳ."

ಅರ್ಥವಾಗಲು ಒಂದು ಗಳಿಗೆ ಹಿಡಿಯಿತು. ಗೊತ್ತಿಲ್ಲದವರನ್ನು ಪಟ್ಟಿಯಲ್ಲಿ ಇಟ್ಟುಕೊಳ್ಳಬೇಡ ಎಂದು ಆ ದನಿ ಕೇಳಿದ ದಿನವೇ ನೀಲಾಗೂ ನಾನೇ ಹೇಳಿದ್ದೆ. ಖಾರಾ ಚುರಮುರಿ ಯಾರೆಂದು ಅವಳಿಗೆ ಗೊತ್ತಿರಲಿಲ್ಲ; ತೆಗೆದುಹಾಕಿದ್ದಳು. ನಾವು ಬಿಟ್ಟ ಸಮೃದ್ಧಿ ಎಂಬ ಹೆಸರಿನಿಂದ ಹೊಸದಾಗಿ ವಿನಂತಿ ಬಂದಿತ್ತು, ಒಪ್ಪಿಕೊಂಡಿದ್ದಳು. ಇಬ್ಬರು ಹುಡುಗಿಯರೂ ನನ್ನ ಮಾತನ್ನು ಚಾಚೂ ತಪ್ಪದೆ ಪಾಲಿಸಿದ್ದರು.

ಸಮೃದ್ಧಿ ಹಳೆಯ ಹೆಸರನ್ನು ಹುಡುಕಿದಳು. ಅದು ಇತ್ತು. ಅದೇ ಕೆಂಪು ಲಂಗ, ಅದೇ ಹಳದಿ ಕೊಡೆ. ಪಕ್ಕದಲ್ಲಿ ಹಸಿರು ಚುಕ್ಕೆ, ಎಂದರೆ ಆಟದಲ್ಲಿ ಈಗ ಎಚ್ಚರವಾಗಿದೆ ಎಂದು. ನೀಲಾನ ಹೆಸರಿನ ಪಕ್ಕದಲ್ಲೂ ಹಸಿರು ಚುಕ್ಕೆ.

"ನೀಲಾಗ ಬರಿ. ಲಗೂನ ಬರಿ."

ವಿನಂತಿಯ ಜೊತೆ ಒಂದು ಸಾಲು ಮಾತ್ರ ಬರೆಯಲು ಬರುತ್ತಿತ್ತು. ‘ನೀಲಾ, ನಾನು ಖರೇ ಸಮೃದ್ಧಿ’ ಎಂದು ಕಳಿಸಿದಳು. ನೀಲಾ ತಿರಸ್ಕರಿಸಿದಳು. ಮತ್ತೆ ಕಳಿಸಿದಳು. ಮತ್ತೆ ತಿರಸ್ಕಾರ. ಇನ್ನೊಂದೇ ಸಲಕ್ಕೆ ಅವಕಾಶವಿತ್ತು.

"ನಿಮ್ಮಿಬ್ಬರನ್ನ ಬಿಟ್ಟು ಯಾರಿಗೂ ಗೊತ್ತಿಲ್ಲದ್ದು ಏನರ ಬರಿಯವ್ವಾ."

ಸಮೃದ್ಧಿ ನನ್ನ ಮುಖ ನೋಡಿದಳು. "ಬೈಬ್ಯಾಡ ಮತ್ತ," ಎಂದು ಬರೆದಳು: ‘ಅಜ್ಜಿ ಚಷ್ಮಾ ನಾವಿಬ್ರೂ ಒಡದು ಜೋಳದ ಡಬ್ಬ್ಯಾಗ ಮುಚ್ಚಿಟ್ಟೇವಿ.’

ನೀಲಾನ ಹೆಸರು ಪಟ್ಟಿಯಲ್ಲಿ ಮೂಡಿತು.

‘ಅಕ್ಕಾ? ನೀ ಬಸ್ಸಿನಾಗ ಇಲ್ಲೇನು?’

‘ಮನ್ಯಾಗ ಅದೀನಿ. ಆ ಸಮೃದ್ಧಿ ನಾ ಅಲ್ಲ. ನಿನ್ನ ಹಂತೇಕ ಯಾರರ ಬಂದಾರೇನು?’

‘ಹೂಂ. ನಿಮ್ಮ ಪಪ್ಪಾನ ದೋಸ್ತ ಬಂದಾರ. ನೀನs ಕಳಿಸೀ ಅಂದ್ರು. ಬಾಜೂಕ ಕುಂತಾರ. ಐಸ್‌ಕ್ರೀಮ್ ಕೊಡಸ್ಯಾರ. ನೀ ಹೊಳಿ ಕಡೆ ಇಳದೀ, ಗಾಡಿ ಮ್ಯಾಲ ಹೋಗೂಣು ಅನ್ನಾಕತ್ತಾರ.’

ಫೋನನ್ನು ನಾನೇ ಕಸಿದುಕೊಂಡೆ. ಬೆರಳುಗಳಿಗೆ ಮೆಂತ್ಯೆಯ ಮಣ್ಣು. ‘ನೀಲಾ, ನಾನು ಅತ್ತಿ. ಅವರ ಕಡೆ ನೋಡಬ್ಯಾಡ. ಸಂಡಾಸಿಗೆ ಹೋಗಿ ಬರ್ತೀನಿ ಅಂತ ಹೇಳು. ಎದ್ದು ವಿಚಾರಣೆ ಅಂತ ಬರದಿರೋ ಕೋಣಿಗೆ ಹೋಗು. ಅಲ್ಲಿ ಬಸ್ಸಿನ ಹೆಸರು ಕೂಗೋರು ಇರ್ತಾರ. ಅವರ ಕುರ್ಚಿ ಹಿಂದ ನಿಲ್ಲು. ನಿಮ್ಮವ್ವ ಬರಾಕತ್ತಾಳ.’

ನೀಲಾನ ಹಸಿರು ಚುಕ್ಕೆ ಆರಿತು. ಇನ್ನೊಂದು ಚುಕ್ಕೆ ಹಾಗೇ ಇತ್ತು. ಸಮೃದ್ಧಿ ನನ್ನ ತೋಳು ಹಿಡಿದುಕೊಂಡಿದ್ದಳು. ನಾನು ನೋಡುತ್ತಿದ್ದಂತೆ ಆ ಚುಕ್ಕೆಯೂ ಆರಿತು.

ಏಳು ನಿಮಿಷ. ಅಷ್ಟು ಹೊತ್ತು ನಾನು ಏನು ಮಾಡಿದೆನೋ ನೆನಪಿಲ್ಲ. ಬಿಡಿಸಿದ ಮೆಂತ್ಯೆಯನ್ನೆಲ್ಲ ದಂಟಿನೊಳಗೇ ಕಲಸಿಬಿಟ್ಟಿದ್ದೆನೆಂದು ಆಮೇಲೆ ಕಂಡಿತು. ಕೊನೆಗೆ ವೈನಿಯ ಫೋನು ಬಂತು. ಮೊದಲು ಕೇಳಿಸಿದ್ದು ಬಸ್ಸಿನ ಹೆಸರು ಕೂಗುವ ಗದ್ದಲ, ಆಮೇಲೆ ಒಂದು ಅಳು. ನೀಲಾನ ಅಳು. ಅಷ್ಟು ಸಿಹಿಯಾದ ಅಳುವನ್ನು ನಾನು ಎಂದೂ ಕೇಳಿರಲಿಲ್ಲ.

ಪಿರನವಾಡಿ, ಮಚ್ಚೆ ದಾಟಿ ನಾವು ಖಾನಾಪುರ ಮುಟ್ಟಿದೆವು. ಠಾಣೆಯಲ್ಲಿ ಅಣ್ಣ ಆಗಲೇ ಕುಳಿತಿದ್ದ. ಅಂಗಿಯ ತುಂಬ ಇಟ್ಟಿಗೆಯ ಕೆಂಪು ಧೂಳಿತ್ತು. ಬಸ್‌ಸ್ಟ್ಯಾಂಡಿನ ಕ್ಯಾಮೆರಾದಲ್ಲಿ ಒಬ್ಬ ಗಂಡಸಿನ ಬೆನ್ನು ಕಂಡಿದೆಯಂತೆ. ಬಿಳಿ ಅಂಗಿ, ತಲೆಗೆ ಹೆಲ್ಮೆಟ್. ನೀಲಾ ಎದ್ದು ಹೋದ ಮೇಲೆ ಎರಡು ನಿಮಿಷ ಅಲ್ಲೇ ಕುಳಿತಿದ್ದು, ಅವಳು ಬಿಟ್ಟ ಐಸ್‌ಕ್ರೀಮಿನ ಕಪ್ಪನ್ನೂ ಎತ್ತಿಕೊಂಡು, ಅವಸರವಿಲ್ಲದೆ ನಡೆದುಹೋಗಿದ್ದಾನೆ.

ಠಾಣೆಯವರು ಕಾಗದ ಎಳೆದುಕೊಂಡು, "ಅವನ ಹೆಸರೇನರ ಗೊತ್ತೈತೇನ್ರೀ?" ಎಂದರು.

"ಗೊತ್ತಿಲ್ರೀ."

"ಆಟದಾಗ ಏನಂತ ಇತ್ತು, ಅದನ್ನರ ಹೇಳ್ರಿ."

ಹೇಳಿದೆ. ಅವರು ಬರೆದರು. ಬರೆದು ನಿಲ್ಲಿಸಿ, ನನ್ನ ಬಾಜೂಕ ನಿಂತಿದ್ದವಳತ್ತ ನೋಡಿದರು. "ಇದು ನಿಮ್ಮ ಮಗಳ ಹೆಸರಲ್ರೀ?"

ಸಮೃದ್ಧಿ ತಲೆ ತಗ್ಗಿಸಿದಳು. ತಪ್ಪು ಮಾಡಿದವಳ ಹಾಗೆ. ನಾನು ಅವಳ ಹೆಗಲ ಮೇಲೆ ಕೈ ಇಟ್ಟೆ.

ಆಟದಿಂದ ಏನನ್ನೂ ಅಳಿಸಬೇಡಿ, ಎಲ್ಲ ಇದ್ದ ಹಾಗೇ ಇರಲಿ, ಅವನನ್ನು ಹಿಡಿಯಲು ಬೇಕಾಗುತ್ತದೆ ಎಂದು ಹೇಳಿ ಕಳಿಸಿದರು. ಹಾಗಾಗಿ ಅವ್ವನ ಫೋನಿನಲ್ಲಿ ಎಲ್ಲವೂ ಇದ್ದ ಹಾಗೇ ಇತ್ತು.

ದೀಪ ಹಚ್ಚುವ ಹೊತ್ತಿಗೆ ನಾನು ತವರಿನ ಒಲೆಯ ಮುಂದೆ ರೊಟ್ಟಿ ಬಡಿಯುತ್ತಿದ್ದೆ. ಸಮೃದ್ಧಿ ಹಿಟ್ಟು ನಾದಿಕೊಡುತ್ತಿದ್ದಳು. ಮೊಣಕೈವರೆಗೆ ಹಿಟ್ಟು. ನೀಲಾ ಅವಳ ತೊಡೆಗೆ ಆತು ಕುಳಿತು, ಮಧ್ಯಾಹ್ನದಿಂದ ಮೊದಲ ಸಲ ಏನೋ ಹೇಳಿ ನಗುತ್ತಿದ್ದಳು. ಅವ್ವ ಚಷ್ಮಾದ ಸುದ್ದಿ ತಿಳಿದು ಇಬ್ಬರಿಗೂ ಹುಸಿಕೋಪದಿಂದ ಬೈಯುತ್ತಿದ್ದಳು.

ಗೂಡಿನಲ್ಲಿದ್ದ ಫೋನು ಟಣ್ ಎಂದಿತು.

ನೀಲಾ ಎದ್ದುಹೋಗಿ ನೋಡಿದಳು. ಅಭ್ಯಾಸ. ನಾನು ಬೇಡ ಎನ್ನುವಷ್ಟರಲ್ಲಿ ಓದಿಬಿಟ್ಟಿದ್ದಳು. ಅವಳ ಕೈಯಿಂದ ಇಸಿದುಕೊಂಡೆ. ಕೆಂಪು ಲಂಗ, ಹಳದಿ ಕೊಡೆ. ‘ಸಮೃದ್ಧಿ: ನೀಲಾ, ಸಿಟ್ಟಾದೇನು? ಯಾಕ ಹೇಳದ ಎದ್ದ ಹೋದಿ? ಮತ್ತ ಬರ್ತೀನಿ.’

ನೀಲಾ ಫೋನನ್ನು ನೋಡಿದಳು, ಆಮೇಲೆ ಸಮೃದ್ಧಿಯನ್ನು, ಹಿಟ್ಟು ಮೆತ್ತಿದ ಅವಳ ಎರಡೂ ಕೈಗಳನ್ನು. ಮೊದಲಿದ್ದ ಜಾಗಕ್ಕೆ ಹೋಗಿ ಕೂಡಲಿಲ್ಲ. ನನ್ನ ಬೆನ್ನ ಹಿಂದೆ ಸರಿದು ಸೆರಗು ಹಿಡಿದುಕೊಂಡಳು.

"ನೀಲಾ, ನಾ ಇಲ್ಲೇ ಅದೀನಲ್ಲs," ಎಂದಳು ಸಮೃದ್ಧಿ. "ನಾ ಕಳಿಸಿಲ್ಲಲೇ."

"ಗೊತ್ತೈತಿ ಅಕ್ಕಾ," ಎಂದಳು ನೀಲಾ.

ಆದರೆ ಸೆರಗು ಬಿಡಲಿಲ್ಲ. ಹಂಚಿನ ಮೇಲಿನ ರೊಟ್ಟಿ ಸೀದು ಹೊಗೆಯಾಡುತ್ತಿತ್ತು.