ಅಂಚಿಗೆ ಹಚ್ಚಿದ ಹಾಲು

ಶನಿವಾರ ಮಧ್ಯಾಹ್ನ ಹೊಲಿಗೆ ಮಿಷನ್ನಿಗೆ ಬಟ್ಟೆ ಹೊದಿಸಿ ದೊಡ್ಡವಳು ಅಡುಗೆಮನೆಗೆ ಬಂದಳೆಂದರೆ ಆ ಮನೆಯಲ್ಲಿ ಅಂದು ಸುರುಳಿ ಎಂದೇ ಅರ್ಥ. ಬೇಕರಿಯವರು ಅದಕ್ಕೆ ಸಿನಮನ್ ಕುಕೀ ಎಂದು ಹೆಸರಿಟ್ಟು ಗಾಜಿನ ಕಪಾಟಿನಲ್ಲಿ ಕೂರಿಸುತ್ತಾರೆ. ಇಲ್ಲಿ ಅದು ಬರೀ ಸುರುಳಿ. ಬೆಣ್ಣೆ ಸಕ್ಕರೆ ತಿಕ್ಕಿ ನುಣ್ಣಗೆ ಮಾಡುವುದು, ಮೈದಾ ಕಲಸುವುದು, ಲಟ್ಟಿಸಿ ಹಾಳೆ ಮಾಡುವುದು, ಮೇಲೆ ಚಕ್ಕೆಪುಡಿ ಬೆರೆಸಿದ ಸಕ್ಕರೆ ಹರಡುವುದು, ಎಲ್ಲ ಅವಳದೇ ಕೆಲಸ. ಅಲ್ಲಿಗೆ ಬಂದಮೇಲೆ ಮಾತ್ರ ಕೈ ಒರೆಸಿಕೊಂಡು ನಡುಮನೆಯತ್ತ ತಿರುಗಿ ಕೂಗುತ್ತಿದ್ದಳು.

"ಅಮ್ಮಾ, ಸುತ್ತೋಕೆ ಬಾ."

ಅಮ್ಮ ಬರುವ ಗತ್ತು ನೋಡಬೇಕಿತ್ತು. ಎಪ್ಪತ್ತೆಂಟರ ಜೀವ, ಮಂಡಿನೋವು ಎಂದು ಬೆಳಗಿನಿಂದ ಮಂಚ ಬಿಟ್ಟು ಇಳಿಯದ ಜೀವ, ಆ ಒಂದು ಕೂಗಿಗೆ ರವಿಕೆಯ ತೋಳು ಮಡಚಿಕೊಂಡು ಹಾಜರ್. "ನೀನು ಹೋಗಿ ಹಿತ್ತಲ ಬಾಗಿಲು ಹಾಕಿ ಬಾ. ಗಾಳಿಗೆ ಹಿಟ್ಟು ಒಣಗುತ್ತೆ," ಎನ್ನುವಳು. ದೊಡ್ಡವಳು ಹೋಗಿ ಬಾಗಿಲು ಹಾಕಿ ಬರುವಷ್ಟರಲ್ಲಿ ಸುತ್ತುವುದು ಮುಗಿದಿರುತ್ತಿತ್ತು. ಆ ಉರುಳೆಯನ್ನು ಫ್ರಿಜ್ಜಿನಲ್ಲಿಟ್ಟು ಗಟ್ಟಿ ಮಾಡಿ, ಬಿಲ್ಲೆ ಬಿಲ್ಲೆಯಾಗಿ ಕತ್ತರಿಸಿ ಓವನ್ನಿಗಿಟ್ಟರೆ ಒಂದೊಂದೂ ಅಚ್ಚುಕಟ್ಟು.

ತಾನೇ ಸುತ್ತಿದರೆ ಏನಾಗುತ್ತದೆ ಎಂಬುದನ್ನೂ ದೊಡ್ಡವಳು ನೋಡಿದ್ದಳು. ಅಮ್ಮನ ಕಣ್ಣಿನ ಆಪರೇಷನ್ ಆದ ವಾರ ಒಬ್ಬಳೇ ಮಾಡಿದ್ದಳು. ಓವನ್ ಬಾಗಿಲು ತೆಗೆದರೆ ಬಿಲ್ಲೆಗಳೆಲ್ಲ ಅಂಚು ಬಿಚ್ಚಿಕೊಂಡು ಬಾಲ ಚಾಚಿ ಮಲಗಿದ್ದವು. ಒಳಗಿನ ಸಕ್ಕರೆ ಹರಿದು ಟ್ರೇ ತುಂಬ ಕರಕಲು. ಅಮ್ಮ ಕಪ್ಪು ಕನ್ನಡಕದೊಳಗಿಂದಲೇ ನೋಡಿ, "ಕೈಗುಣ ಕಣೇ, ಹೇಳಿಕೊಟ್ರೆ ಬರೋದಲ್ಲ," ಅಂದಿದ್ದಳು.

ಮಾತು ಅಲ್ಲಿಗೆ ಮುಗಿದಿತ್ತು. ಮೂವತ್ತು ವರ್ಷದಿಂದ ಬೀದಿಯ ಅರ್ಧ ಜನರ ಬಟ್ಟೆ ಹೊಲಿದವಳು, ಒಮ್ಮೆ ಮಡಚಿ ಹೊಲಿದ ಅಂಚು ಬಿಚ್ಚಿಕೊಂಡಿತೆಂದು ಒಬ್ಬರ ಬಾಯಲ್ಲೂ ಕೇಳದವಳು, ತನ್ನ ಕೈಗೆ ಗುಣವಿಲ್ಲ ಎಂದು ನಂಬಿಬಿಟ್ಟಳು. ಹೆತ್ತವಳು ಹೇಳಿದ ಮೇಲೆ ಇನ್ನು ಸಾಕ್ಷಿ ಯಾಕೆ ಬೇಕು? ಪಕ್ಕದ ಮನೆಯ ಟೀಚರ್ ಎರಡು ವರ್ಷ ಬಂದು, "ನಮ್ಮ ಶಾಲೆ ಮಕ್ಕಳಿಗೆ ಒಂದಿನ ಸುರುಳಿ ಕಲಿಸಿ" ಎಂದು ದುಂಬಾಲು ಬಿದ್ದರೂ, "ಅಯ್ಯೋ, ನನ್ನ ಕೈಲಾಗಲ್ಲ" ಎಂದು ವಾಪಸ್ ಕಳಿಸಿದ್ದಳು. ಈ ವರ್ಷವೂ ಟೀಚರ್ ಕೇಳಿದ್ದಳು. ಉತ್ತರ ಹೇಳಲು ಇನ್ನೊಂದು ವಾರವಿತ್ತು, ಉತ್ತರವೂ ಹಳೆಯದೇ ಇತ್ತು.

ಅಷ್ಟರಲ್ಲಿ ಚಿಕ್ಕವಳು ಬಂದಳು. ದೂರದ ಊರಿನಲ್ಲಿ ನರ್ಸ್. ವರ್ಷಕ್ಕೊಮ್ಮೆ ಬಂದು ಮೂರು ದಿನ ಇದ್ದು ಹೋಗುವವಳು. ಅಂದು ಶನಿವಾರ. ಅಮ್ಮ ಸ್ನಾನಕ್ಕೆ ಹೋಗಿದ್ದಳು. ಹಿಟ್ಟಿನ ಹಾಳೆ ಸಿದ್ಧವಾಗಿತ್ತು.

"ಅಮ್ಮ ಬರಲಿ ತಾಳೇ," ಎಂದಳು ದೊಡ್ಡವಳು.

"ಇಷ್ಟಕ್ಕೆ ಅಮ್ಮ ಯಾಕಕ್ಕ?" ಎಂದು ಚಿಕ್ಕವಳು ಕಾಫಿಗೆಂದು ಇಟ್ಟಿದ್ದ ಹಾಲಿಗೆ ಬೆರಳದ್ದಿ, ಹಾಳೆಯ ಆಚೆ ಅಂಚಿನುದ್ದಕ್ಕೂ ಎಳೆದಳು. ಈಚೆಯಿಂದ ಸುತ್ತುತ್ತ ಹೋಗಿ ಆ ಒದ್ದೆ ಅಂಚಿನ ಮೇಲೆ ಉರುಳಿಸಿ ಅದುಮಿದಳು. ಅಂಚು ಪಟ್ಟಾಗಿ ಅಂಟಿಕೊಂಡಿತು.

"ಅದೇನೇ ಹಚ್ಚಿದ್ದು?"

"ಹಾಲು. ಹಚ್ಚದಿದ್ರೆ ಬಿಚ್ಕೊಳ್ಳುತ್ತಲ್ಲ." ಅಷ್ಟು ಹೇಳಿ ಅಕ್ಕನ ಮುಖ ನೋಡಿದವಳು ನಾಲಿಗೆ ಕಚ್ಚಿಕೊಂಡಳು. "ಅಮ್ಮ ಫೋನಲ್ಲಿ ಹೇಳಿದ್ಲು ಅಕ್ಕ. ಒಂಬತ್ತು ವರ್ಷ ಆಯ್ತು. ನಿಂಗೆ ಹೇಳಬೇಡ ಅಂದಿದ್ಲು. ನಾನು ತಮಾಷೆ ಅಂದ್ಕೊಂಡು ಸುಮ್ಮನಾದೆ."

ಒಂಬತ್ತು ವರ್ಷ. ಫೋನಿನಲ್ಲಿ. ಒಂದು ಬೆರಳು ಹಾಲು. ಔಷಧಿ ಯಾವ ಹೊತ್ತಿಗೆ ಕೊಡಬೇಕೆಂದು ನೆನಪಿಟ್ಟುಕೊಂಡವಳು ತಾನು, ಮಂಡಿಗೆ ಎಣ್ಣೆ ತಿಕ್ಕುವವಳು ತಾನು. ಹಿತ್ತಲ ಬಾಗಿಲು ಹಾಕಲು ಹೋದ ಅಷ್ಟೂ ಶನಿವಾರಗಳು ಸಾಲಾಗಿ ಕಣ್ಣಮುಂದೆ ಬಂದವು. ಚಳಿಗಾಲದಲ್ಲಿ ಮೊದಲೇ ಹಾಕಿದ್ದ ಬಾಗಿಲನ್ನೂ ಒಮ್ಮೆ ತೆಗೆದು ಮತ್ತೆ ಹಾಕಿ ಬಂದಿದ್ದಳಲ್ಲ, ಎಂಥ ಪೆದ್ದಿ!

ಸಂಜೆ ಅಮ್ಮನ ಮುಂದೆ ತಟ್ಟೆ ಇಟ್ಟಳು. ಒಂದಕ್ಕೂ ಬಾಲವಿರಲಿಲ್ಲ.

"ಯಾರು ಸುತ್ತಿದ್ದು?"

"ನಾನೇ," ಎಂದಳು ದೊಡ್ಡವಳು, ಬೇಕೆಂದೇ. ಚಿಕ್ಕವಳು ಕಿಟಕಿಯ ಕಡೆ ತಿರುಗಿಕೊಂಡಳು.

ಅಮ್ಮ ಒಂದು ಚೂರು ಮುರಿದು ಬಾಯಿಗೆ ಹಾಕಿಕೊಂಡು ತಲೆದೂಗಿದಳು. "ಅಂತೂ ಇಂತೂ ಕೈಗುಣ ಬಂತು ನೋಡು."

ಈಗಲಾದರೂ ನಿಜ ಹೇಳಬಹುದಿತ್ತು, ಪುಣ್ಯಾತ್ಗಿತ್ತಿ.

"ಹಾಲು ಹಚ್ಚಿದೆ ಅಮ್ಮ."

ಅಮ್ಮನ ದವಡೆ ನಿಂತಿತು. ಚಿಕ್ಕವಳ ಬೆನ್ನು ನೋಡಿದಳು, ತಟ್ಟೆ ನೋಡಿದಳು. "ನಿಂಗೂ ಬಂದ್ಬಿಟ್ರೆ ನನ್ನನ್ನ ಯಾರು ಕರೀತಿದ್ರು?" ಎಂದಳು.

"ಅವಳಿಗೆ ಹೇಳಿದ್ಯಲ್ಲ!"

"ಅವಳು ಕರೀತಾನೇ ಇರಲಿಲ್ಲವಲ್ಲೇ. ಅವಳಿಗೆ ಹೇಳಿದ್ರೆ ನಂಗೇನು ಹೋಗೋದಿತ್ತು?"

ಇದನ್ನು ಕೇಳಿ ದೊಡ್ಡವಳಿಗೆ ಅಳು ಬಂತು, ಸಿಟ್ಟೂ ಬಂತು. ಹತ್ತಿರ ಇದ್ದದ್ದೇ ತಪ್ಪಾಯಿತೇ? ಅಮ್ಮನಿಗೆ ಭಯವಿತ್ತು, ಸರಿ. ಆ ಭಯಕ್ಕೆ ಮಗಳ ಕೈಗೇ ಹೆಸರು ಕೆಡಿಸಬೇಕಿತ್ತೇ? ತಟ್ಟೆ ಎತ್ತಿಕೊಂಡು ಹೊರಗೆ ನಡೆದಳು. ಸೀದಾ ಪಕ್ಕದ ಮನೆಗೆ ಹೋಗಿ ಟೀಚರಿಗೆ, "ಬರ್ತೀನಿ, ಯಾವತ್ತು ಅಂತ ಹೇಳಿ," ಎಂದಳು.

ಚಿಕ್ಕವಳು ಊರಿಗೆ ಹೋದಳು. ಮುಂದಿನ ಶನಿವಾರ ಬಂತು. ಲಟ್ಟಣಿಗೆಯ ಸದ್ದು ನಡುಮನೆಗೆ ಕೇಳಿಸಿತು, ಆಮೇಲೆ ಸಕ್ಕರೆ ಹರಡುವ ಚಮಚದ ಸದ್ದು. ಅದೂ ನಿಂತಿತು. ಕೂಗು ಬರಲಿಲ್ಲ. ಸ್ವಲ್ಪ ಹೊತ್ತಿಗೆ ಅಮ್ಮ ತಾನೇ ಗೋಡೆ ಹಿಡಿದುಕೊಂಡು ಬಂದು ಹೊಸ್ತಿಲಲ್ಲಿ ನಿಂತಳು. ರವಿಕೆಯ ಎರಡೂ ತೋಳು ಮಡಚಿಕೊಂಡಿದ್ದಳು.

"ಇವತ್ತು ಕರೀಲೇ ಇಲ್ವಲ್ಲೇ."

ದೊಡ್ಡವಳ ಮುಂದೆ ಹಾಳೆ ಬಿಡಿಸಿಕೊಂಡಿತ್ತು, ಪಕ್ಕದಲ್ಲಿ ಬಟ್ಟಲು ಹಾಲಿತ್ತು. 'ಬೇಕಾಗಲಿಲ್ಲ' ಎಂಬ ಮಾತು ವಾರವಿಡೀ ನಾಲಿಗೆ ತುದಿಯಲ್ಲೇ ಕೂತಿತ್ತು. ರವಿಕೆ ಮಡಚಿದ ಆ ಸಣಕಲು ತೋಳುಗಳನ್ನು ನೋಡಿ ಅದು ಹೊರಡಲಿಲ್ಲ. ಹಾಗೆಂದು 'ಬಾ' ಎನ್ನಲೂ ಮನಸ್ಸು ಒಪ್ಪಲಿಲ್ಲ.

"ಹಿತ್ತಲ ಬಾಗಿಲು ಹಾಕಿ ಬಾ ಅಮ್ಮ," ಎಂದಳು. "ಗಾಳಿಗೆ ಹಿಟ್ಟು ಒಣಗುತ್ತೆ."

ಅಮ್ಮ ಅವಳ ಮುಖವನ್ನೇ ಒಂದು ಗಳಿಗೆ ನೋಡಿದಳು. ಒಂದೊಂದೇ ಹೆಜ್ಜೆ ಇಡುತ್ತ ಹಿತ್ತಲ ಕಡೆ ಹೋದಳು. ಬಾಗಿಲು ಮುಚ್ಚಿಯೇ ಇತ್ತು. ಅದನ್ನು ತೆಗೆದು, ಮತ್ತೆ ಹಾಕಿ, ಸುತ್ತುವುದು ಮುಗಿಯುವವರೆಗೂ ಚಿಲಕ ಹಿಡಿದುಕೊಂಡು ಬೆನ್ನು ತಿರುಗಿಸಿ ನಿಂತಿದ್ದಳು.